ಬಾಯಿ ಬಿಡದ ಫೈಲುಗಳು: ಓದುಗರ ಪ್ರಶ್ನೆಗಳಿಗೆ ಉತ್ತರ

ಹೋದ ತಿಂಗಳು ಇಲ್ಲಿ ಹಳೇ ಕ್ಯಾಸೆಟ್ಟಿನ ಹಾಡುಗಳನ್ನು ಕಂಪ್ಯೂಟರಿಗೆ ಇಳಿಸೋದು ಹೇಗೆ ಅಂತ ಬರೆದಿದ್ದೆ. ಅದಕ್ಕೆ ಬಂದ ಪತ್ರಗಳಲ್ಲಿ ಕ್ಯಾಸೆಟ್ ಬಗ್ಗೆ ಕೇಳಿದವರು ಕಡಿಮೆ. ಜಾಸ್ತಿ ಮಂದಿಯ ದೂರು ಒಂದೇ. ಫೈಲ್ ಇದೆ, ತೆರೆಯುತ್ತಿಲ್ಲ, 'ಈ ಫಾರ್ಮ್ಯಾಟ್ ಸಪೋರ್ಟ್ ಇಲ್ಲ' ಅಂತ ಬರುತ್ತೆ. ವಿಜಯಪುರದ ಸ್ಟೇಷನ್ ರಸ್ತೆಯ ನನ್ನ ಅಂಗಡಿಗೂ ದಿನಕ್ಕೆ ಒಬ್ಬರಾದರೂ ಇದೇ ಮಾತು ಹೇಳಿಕೊಂಡು ಬರುತ್ತಾರೆ. ಅದು ಒಂದು ಕಾಲಕ್ಕೆ ಖಾಲಿ ಕ್ಯಾಸೆಟ್ಟಿಗೆ ಹಾಡು ತುಂಬಿಕೊಡುತ್ತಿದ್ದ ಅಂಗಡಿ. ಆಗ ಈ ತಲೆಬಿಸಿ ಇರಲಿಲ್ಲ. ಯಾವ ಕಂಪನಿಯ ಕ್ಯಾಸೆಟ್ಟಾದರೂ ಯಾವ ಟೇಪ್‌ರೆಕಾರ್ಡರಿನಲ್ಲೂ ಕೂರುತ್ತಿತ್ತು. ಹಾಡದಿದ್ದರೆ ಹತ್ತಿಗೆ ಸ್ಪಿರಿಟ್ ಹಚ್ಚಿ ಹೆಡ್ ಒರೆಸಿದರೆ ಮುಗೀತು. ಈ ಸಲ ಫೈಲಿನ ಪ್ರಶ್ನೆಗಳನ್ನಷ್ಟೇ ತೆಗೆದುಕೊಂಡಿದ್ದೇನೆ.

ಪ್ರಶ್ನೆ: ನಮ್ಮ ಅಪ್ಪ ಕಣದಲ್ಲಿ ಎತ್ತುಗಳಿಂದ ತೆನೆ ತುಳಿಸುತ್ತ ಹಾಡಿದ ಹಂತಿ ಪದಗಳನ್ನು ಹಳೇ ನೋಕಿಯಾ ಫೋನಿನಲ್ಲಿ ರೆಕಾರ್ಡ್ ಮಾಡಿದ್ದೆ. ಈಗ ಅಪ್ಪ ಇಲ್ಲ. ಮೆಮೊರಿ ಕಾರ್ಡಿನಿಂದ ಫೈಲುಗಳನ್ನು ಕಂಪ್ಯೂಟರಿಗೆ ಹಾಕಿಕೊಂಡೆ. ಹೆಸರಿನ ಕೊನೆಗೆ ಎಎಂಆರ್ ಅಂತ ಇದೆ. ಆಡಾಸಿಟಿ ಅನ್ನುವ ಧ್ವನಿ ಎಡಿಟಿಂಗ್ ತಂತ್ರಾಂಶ ತೆರೆಯಲಿಲ್ಲ. ಹೆಸರು ಬದಲಿಸಿ ಎಂಪಿ3 ಅಂತ ಮಾಡಿದೆ. ಆದರೂ ತೆರೆಯಲಿಲ್ಲ. ಫೈಲ್ ಕೆಟ್ಟಿದೆಯಾ?
— ಓದುಗರು, ಇಂಡಿ ತಾಲೂಕು

ಕೆಟ್ಟಿಲ್ಲ, ಗಾಬರಿ ಬೇಡ. ಮೊದಲ ಕೆಲಸ, ಹೆಸರನ್ನು ಇದ್ದಂತೆಯೇ ಮಾಡಿ. ಚೀಲದ ಮೇಲೆ ಗೋಧಿ ಅಂತ ಬರೆದರೆ ಒಳಗಿನ ಮಾಲದಂಡಿ ಜೋಳ ಗೋಧಿ ಆಗುತ್ತಾ? ಫೈಲಿನ ಹೆಸರಿನ ಬಾಲವೂ ಅಷ್ಟೇ, ಬರೀ ಚೀಟಿ. ಇನ್ನೊಂದು ಮೋಸ ಗೊತ್ತಿರಲಿ. ವಿಂಡೋಸ್ ಈ ಬಾಲವನ್ನು ಸಾಮಾನ್ಯವಾಗಿ ಮುಚ್ಚಿಟ್ಟಿರುತ್ತದೆ. ನೀವು ಎಂಪಿ3 ಅಂತ ಸೇರಿಸಿದ್ದು ಎಎಂಆರ್‌ಗಿಂತ ಮುಂಚೆ ಕೂತಿರಬಹುದು, ಬಾಲ ಹಾಗೇ ಉಳಿದಿರಬಹುದು. ಫೋಲ್ಡರಿನ ವ್ಯೂ ಮೆನುವಿನಲ್ಲಿ 'ಫೈಲ್ ನೇಮ್ ಎಕ್ಸ್‌ಟೆನ್ಷನ್ಸ್' ಅನ್ನೋದಕ್ಕೆ ಗುರುತು ಹಾಕಿ. ಆಗ ಪೂರ್ತಿ ಹೆಸರು ಕಾಣುತ್ತದೆ.

ಚೀಲದೊಳಗೆ ನಿಜವಾಗಿ ಏನಿದೆ ಅಂತ ನೋಡೋಕೆ ನಾನು ಮಾಡೋ ಒಂದು ಹಳ್ಳಿ ಉಪಾಯ ಇದೆ. ಫೈಲಿನ ಒಂದು ಕಾಪಿ ತೆಗೆದು ಅದನ್ನು ನೋಟ್‌ಪ್ಯಾಡಿನಲ್ಲಿ ತೆರೆಯಿರಿ. ಪರದೆ ತುಂಬ ಕಸ ಬರುತ್ತದೆ. ಅದನ್ನು ಬಿಟ್ಟು ಶುರುವಿನ ಅಕ್ಷರಗಳನ್ನಷ್ಟೇ ನೋಡಿ. ಹ್ಯಾಷ್ ಗುರುತು, ಆಶ್ಚರ್ಯದ ಗುರುತು, ಅದರ ಬೆನ್ನಿಗೆ ಎ, ಎಂ, ಆರ್ ಅಂತ ಇಂಗ್ಲಿಷಿನಲ್ಲಿ ಇದ್ದರೆ ಅದು ಎಎಂಆರ್ ಫೈಲೇ. ವೇವ್ (ಧ್ವನಿಯನ್ನು ಕುಗ್ಗಿಸದೆ ಪೂರ್ತಿ ಇಡುವ ಫಾರ್ಮ್ಯಾಟ್) ಫೈಲಾಗಿದ್ದರೆ ಆರ್-ಐ-ಎಫ್-ಎಫ್ ಅಂತ ಇರುತ್ತದೆ. ಓಗ್ ಆಗಿದ್ದರೆ ಓ-ಜಿ-ಜಿ-ಎಸ್. ಐಫೋನಿನಿಂದ ಬರುವ ಎಂ4ಎ ಆಗಿದ್ದರೆ ಮೂರ್ನಾಲ್ಕು ಕಸದ ಅಕ್ಷರ ದಾಟಿ ಎಫ್-ಟಿ-ವೈ-ಪಿ. ನೋಡಿ ಹಾಗೇ ಮುಚ್ಚಿ. ಸೇವ್ ಮಾತ್ರ ಒತ್ತಬೇಡಿ, ಒತ್ತಿದರೆ ಆ ಫೈಲ್ ಹಾಳಾಗುತ್ತದೆ. ಅದಕ್ಕೇ ಕಾಪಿ ತೆಗೆಯಿರಿ ಅಂದಿದ್ದು. ಇದು ಹಿಡಿಸದಿದ್ದರೆ ಮೀಡಿಯಾಇನ್ಫೋ ಅನ್ನೋ ಉಚಿತ ತಂತ್ರಾಂಶ ಇದೆ, ಎಲ್ಲವನ್ನೂ ನೀಟಾಗಿ ಹೇಳುತ್ತದೆ.

ಇನ್ನು ಆಡಾಸಿಟಿ ಯಾಕೆ ತೆರೆಯಲಿಲ್ಲ ಅನ್ನೋದು. ವೇವ್, ಎಂಪಿ3, ಫ್ಲ್ಯಾಕ್, ಓಗ್ ಇಷ್ಟನ್ನು ಅದು ಹುಟ್ಟಿನಿಂದಲೇ ಓದುತ್ತದೆ. ಎಎಂಆರ್, ಎಂ4ಎ, ಡಬ್ಲ್ಯುಎಂಎ ಓದೋಕೆ ಎಫ್‌ಎಫ್‌ಎಂಪೆಗ್ ಅನ್ನೋ ಇನ್ನೊಂದರ ಸಹಾಯ ಬೇಕು. ಫ್ರಾನ್ಸಿನ ಫಾಬ್ರಿಸ್ ಬೆಲ್ಲಾರ್ 2000ನೇ ಇಸವಿಯಲ್ಲಿ ಶುರು ಮಾಡಿದ್ದು ಅದು. ಜಗತ್ತಿನ ಹೆಚ್ಚುಕಮ್ಮಿ ಎಲ್ಲಾ ಧ್ವನಿ, ವಿಡಿಯೋ ಫಾರ್ಮ್ಯಾಟುಗಳ ಬೀಗದ ಕೈ ಅದರ ಗೊಂಚಲಲ್ಲಿದೆ. ಆದರೆ ಕೆಲವು ಫಾರ್ಮ್ಯಾಟುಗಳ ಮೇಲೆ ಪೇಟೆಂಟ್ ತಕರಾರು. ಹೀಗಾಗಿ ಆಡಾಸಿಟಿಯವರು ಅದನ್ನು ತಮ್ಮ ಜೊತೆ ಕಟ್ಟಿಕೊಡುವುದಿಲ್ಲ, ನೀವೇ ತಂದು ಹಾಕಿಕೊಳ್ಳಿ ಅನ್ನುತ್ತಾರೆ. ಆಡಾಸಿಟಿಯ ಸಹಾಯ ಪುಟದಲ್ಲೇ ಅದರ ಕೊಂಡಿ ಇರುತ್ತದೆ. ಅಲ್ಲಿಂದಲೇ ಇಳಿಸಿಕೊಳ್ಳಿ. ಹಾಕಿದ ಮೇಲೆ ಆಡಾಸಿಟಿಯನ್ನು ಮುಚ್ಚಿ ತೆರೆಯಿರಿ. ಎಡಿಟ್ ಮೆನು, ಪ್ರಿಫರೆನ್ಸಸ್, ಲೈಬ್ರರೀಸ್ ಅಂತ ಹೋದರೆ ಎಫ್‌ಎಫ್‌ಎಂಪೆಗ್ ಆವೃತ್ತಿಯ ಸಂಖ್ಯೆ ಕಾಣಬೇಕು. ಕಾಣದಿದ್ದರೆ ಲೊಕೇಟ್ ಒತ್ತಿ ತೋರಿಸಿಕೊಡಿ. ಅದಕ್ಕೂ ಬಗ್ಗದಿದ್ದರೆ ನೂರಕ್ಕೆ ತೊಂಬತ್ತು ಸಲ ಕಾರಣ ಒಂದೇ: ಆಡಾಸಿಟಿ 64 ಬಿಟ್‌ನದು, ನೀವು ಹಾಕಿದ್ದು 32 ಬಿಟ್‌ನದು. ಎರಡೂ ಒಂದೇ ಇರಬೇಕು.

ಇಷ್ಟೆಲ್ಲ ಯಾಕೆ ಅನ್ನಿಸಿದರೆ ವಿಎಲ್‌ಸಿ ಪ್ಲೇಯರ್ ಇದೆಯಲ್ಲ, ಅದರಲ್ಲಿ ಮಾಡಿ. ಆ ಗೊಂಚಲು ಅದರ ಹೊಟ್ಟೆಯೊಳಗೇ ಇದೆ. ಕಂಟ್ರೋಲ್ ಮತ್ತು ಆರ್ ಒತ್ತಿ, ಫೈಲ್ ಸೇರಿಸಿ, ಕನ್ವರ್ಟ್ ಒತ್ತಿ, ಪ್ರೊಫೈಲಿನಲ್ಲಿ 'ಆಡಿಯೋ - ಸಿಡಿ' ಅಂತ ಆರಿಸಿ. ಹೊಸ ಫೈಲಿನ ಹೆಸರಿನ ಕೊನೆಗೆ .wav ಅನ್ನುವ ವೇವ್‌ನ ಬಾಲ ಹಾಕಿ ಸ್ಟಾರ್ಟ್ ಒತ್ತಿ. ಆ ವೇವ್ ಫೈಲನ್ನು ಆಡಾಸಿಟಿ ತಕರಾರಿಲ್ಲದೆ ತೆರೆಯುತ್ತದೆ.

ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ, ಆಮೇಲೆ ಬೇಜಾರಾಗಬಾರದು. ಎಎಂಆರ್ ಮಾಡಿದ್ದು ಫೋನಿನ ಮಾತಿಗೆ, ಹಾಡಿಗಲ್ಲ. ಅದು ಸೆಕೆಂಡಿಗೆ 8000 ಸಲ ಮಾತ್ರ ಧ್ವನಿಯನ್ನು ಅಳೆಯುತ್ತದೆ. ಸಿಡಿ ಅಳೆಯೋದು 44,100 ಸಲ. ಅಳೆದದ್ದರ ಅರ್ಧದವರೆಗಿನ ಸ್ವರ ಮಾತ್ರ ಉಳಿಯುತ್ತದೆ. ಅಂದರೆ ನಿಮ್ಮ ಫೈಲಿನಲ್ಲಿ 4000 ಹರ್ಟ್ಸ್‌ನಿಂದ ಮೇಲಿನದು ಏನೂ ಇಲ್ಲ. ಅಪ್ಪನ ದನಿ, ಪದದ ಸೊಲ್ಲು ಚೆನ್ನಾಗಿ ಕೇಳುತ್ತದೆ. ಎತ್ತಿನ ಕೊರಳ ಗೆಜ್ಜೆ ಮಾತ್ರ ಮಂಕಾಗಿರುತ್ತದೆ. ಅದನ್ನು ವಾಪಸ್ ತರ್ತೀವಿ ಅನ್ನುವ ತಂತ್ರಾಂಶಕ್ಕೆ ದುಡ್ಡು ಕೊಡಬೇಡಿ. ನಿಮಿಷಕ್ಕೆ 100 ಕೆಬಿಯೂ ಇಲ್ಲದ ಫೈಲು ವೇವ್ ಆದ ಮೇಲೆ ನಿಮಿಷಕ್ಕೆ 10 ಎಂಬಿ ಆಗುತ್ತದೆ. ಚೊಂಬಿನ ಹಾಲನ್ನು ಹಂಡೆಗೆ ಸುರಿದಂಗೆ, ಪಾತ್ರೆ ದೊಡ್ಡದಾಯಿತು ಅಷ್ಟೇ.

ಮೂಲದ ಎಎಂಆರ್ ಫೈಲುಗಳನ್ನು ಅಳಿಸಬೇಡಿ. ಎರಡು ಕಡೆ ಇಡಿ.

ಪ್ರಶ್ನೆ: ಅಕ್ಕನ ಮದುವೆಯಲ್ಲಿ ಬಾರಿಸಿದ ಸನಾದಿಯ ಸಿಡಿ ಇದೆ. ಪ್ಲೇಯರಿನಲ್ಲಿ ಚೆನ್ನಾಗಿ ಹಾಡುತ್ತದೆ. 12 ಫೈಲುಗಳನ್ನು ಪೆನ್‌ಡ್ರೈವಿಗೆ ಕಾಪಿ ಮಾಡಿದೆ, ಒಂದೇ ಕ್ಷಣದಲ್ಲಿ ಆಯಿತು. ಮನೆಗೆ ಬಂದು ನೋಡಿದರೆ ಒಂದೂ ತೆರೆಯಲ್ಲ. ಎಲ್ಲಾ 1 ಕೆಬಿ ತೋರಿಸುತ್ತಿದೆ.
— ಓದುಗರು, ಜಮಖಂಡಿ

ಒಂದೇ ಕ್ಷಣದಲ್ಲಿ ಆಯಿತು ಅಂದಾಗಲೇ ಅನುಮಾನ ಬರಬೇಕಿತ್ತು! ನೀವು ಕಾಪಿ ಮಾಡಿದ್ದು ಸನಾದಿಯನ್ನಲ್ಲ, ಸನಾದಿಯವರ ಮನೆ ವಿಳಾಸವನ್ನು. ಹಾಡಿನ ಸಿಡಿಯಲ್ಲಿ ನಿಜಕ್ಕೂ ಫೈಲುಗಳೇ ಇರುವುದಿಲ್ಲ. ಇಷ್ಟನೇ ಹಾಡು ಇಲ್ಲಿಂದ ಶುರು ಅಂತ ತೋರಿಸೋಕೆ ವಿಂಡೋಸ್ ತಾನೇ ಸಿಡಿಎ ಅನ್ನುವ ಚೀಟಿಗಳನ್ನು ಕಾಣಿಸುತ್ತದೆ. ಒಂದೊಂದು ಚೀಟಿ 44 ಬೈಟ್ ಮಾತ್ರ. ಇದನ್ನು ಯಾವ ಕನ್ವರ್ಟರಿಗೆ ಹಾಕಿದರೂ ಸ್ವರ ಬರುವುದಿಲ್ಲ, ಒಳಗೆ ಸ್ವರವೇ ಇಲ್ಲ.

ಸಿಡಿಯನ್ನು ಮತ್ತೆ ಹಾಕಿ 'ರಿಪ್' ಮಾಡಬೇಕು, ಅಂದರೆ ಅದರ ಸ್ವರವನ್ನು ಫೈಲಾಗಿ ಇಳಿಸಿಕೊಳ್ಳಬೇಕು. ಹಳೇ ವಿಂಡೋಸ್ ಮೀಡಿಯಾ ಪ್ಲೇಯರಿನಲ್ಲೇ ಅದು ಇದೆ. ಆಪ್ಷನ್ಸ್ ಒಳಗೆ ರಿಪ್ ಮ್ಯೂಸಿಕ್ ಅಂತ ಇರುತ್ತೆ, ಅಲ್ಲಿ ಫಾರ್ಮ್ಯಾಟನ್ನು ವೇವ್ ಅಥವಾ ಫ್ಲ್ಯಾಕ್ ಮಾಡಿಕೊಳ್ಳಿ. ಮೊದಲಿಂದ ಡಬ್ಲ್ಯುಎಂಎ ಅಂತ ಇದ್ದರೆ ಬದಲಿಸಿ, ಇಲ್ಲದಿದ್ದರೆ ಮುಂದಿನ ತಿಂಗಳು ಇನ್ನೊಂದು ಪ್ರಶ್ನೆ ಬರೆಯುತ್ತೀರಿ. ಸಿಡಿಗೆ ಗೀರು ಬಿದ್ದಿದ್ದರೆ ಎಕ್ಸಾಕ್ಟ್ ಆಡಿಯೋ ಕಾಪಿ ಅನ್ನುವ ತಂತ್ರಾಂಶ ಒಳ್ಳೆಯದು. ಓದಲಾಗದ ಜಾಗವನ್ನು ಅದು ಬಿಡದೆ ಮತ್ತೆ ಮತ್ತೆ ಓದುತ್ತದೆ. ಮದುವೆಯ ಸಿಡಿ ಅಂದರೆ ಮನೆಯಲ್ಲೋ ಅಂಗಡಿಯಲ್ಲೋ ಬರೆದ ಸಿಡಿ ಇರುತ್ತೆ. ಅದರ ಬಣ್ಣದ ಪದರ ವರ್ಷ ಕಳೆದಂತೆ ಮಾಸುತ್ತದೆ. ನಮ್ಮ ಕಡೆಯ ಬಿಸಿಲಿಗೆ ಇನ್ನೂ ಬೇಗ. ಈ ವಾರವೇ ಮಾಡಿ.

ಪ್ರಶ್ನೆ: ಗೋಳಗುಮ್ಮಟದ ಪಿಸುಮಾತಿನ ಗ್ಯಾಲರಿಯಲ್ಲಿ ಮಗಳು ಹಾಡಿದ್ದನ್ನು ಫೋನಿನಲ್ಲಿ ರೆಕಾರ್ಡ್ ಮಾಡಿದೆ. ಫೈಲ್ ತೆರೆಯುತ್ತದೆ, ಆದರೆ ಎಲ್ಲಾ ಕಲಸಿದಂತೆ ಕೇಳುತ್ತದೆ. ಯಾವ ಫಾರ್ಮ್ಯಾಟಿಗೆ ಬದಲಿಸಿದರೆ ಸರಿ ಹೋಗುತ್ತೆ?
— ಓದುಗರು, ಬೆಳಗಾವಿ

ಯಾವುದಕ್ಕೂ ಹೋಗಲ್ಲ. ಅದು ಫೈಲಿನ ತಪ್ಪಲ್ಲ, ಗುಮ್ಮಟದ ಕೆಲಸ. ಒಂದು ಚಪ್ಪಾಳೆಯನ್ನು ಏಳೆಂಟು ಸಲ ತಿರುಗಿಸಿ ಕೊಡುವ ಜಾಗದಲ್ಲಿ ಒಂದು ಸಾಲು ಮುಗಿಯುವ ಮೊದಲೇ ಹಿಂದಿನ ಸಾಲು ವಾಪಸ್ ಬಂದಿರುತ್ತದೆ. ಅದರ ಮೇಲೆ ಪ್ರವಾಸಕ್ಕೆ ಬಂದ ಶಾಲೆ ಮಕ್ಕಳ ಕೇಕೆ ಬೇರೆ. ಬೆಳಿಗ್ಗೆ ಬಾಗಿಲು ತೆಗೆಯುತ್ತಿದ್ದಂತೆ ಹೋಗಿ, ಮಗಳಿಗೆ ನಿಧಾನವಾಗಿ, ಸಾಲು ಸಾಲಿಗೂ ನಿಲ್ಲಿಸಿ ಹಾಡಲು ಹೇಳಿ. ಫೋನನ್ನು ಅವಳ ಬಾಯಿಂದ ಒಂದು ಗೇಣು ದೂರದಲ್ಲಿ ಹಿಡಿಯಿರಿ.

ಪ್ರಶ್ನೆ: ನಾನು ಶಾಲೆಯಲ್ಲಿ ಶಿಕ್ಷಕಿ. ಶಾಲೆಯ ಕಾರ್ಯಕ್ರಮಕ್ಕೆ ಒಂದು ವಿಡಿಯೋ ಮಾಡಬೇಕು. 40 ಮಕ್ಕಳು ವಾಟ್ಸಾಪಿನಲ್ಲಿ ಧ್ವನಿ ಕಳಿಸಿದ್ದಾರೆ. ಕಂಪ್ಯೂಟರಿನ ವಿಡಿಯೋ ಎಡಿಟಿಂಗ್ ತಂತ್ರಾಂಶ ಒಂದನ್ನೂ ತೆಗೆದುಕೊಳ್ಳುತ್ತಿಲ್ಲ. ಒಬ್ಬರು ಕೋಡೆಕ್ ಪ್ಯಾಕ್ ಹಾಕಿ ಅಂದರು, ಇನ್ನೊಬ್ಬರು ಆನ್‌ಲೈನ್ ಕನ್ವರ್ಟರ್ ಅಂದರು.
— ಓದುಗರು, ತಾಳಿಕೋಟೆ

ಎರಡೂ ಬೇಡ ಮೇಡಂ. ಕೋಡೆಕ್ ಪ್ಯಾಕ್, ಅಂದರೆ ಬೇರೆ ಬೇರೆ ಫಾರ್ಮ್ಯಾಟ್ ಓದಿಸುವ ತಂತ್ರಾಂಶಗಳ ಗಂಟು, ಅನ್ನೋದು ಹಳೇ ಕಾಲದ ಔಷಧ. ಈಗಿನ ಎಡಿಟಿಂಗ್ ತಂತ್ರಾಂಶಗಳಲ್ಲಿ ಬಹಳಷ್ಟು ಅದರ ಕಡೆ ತಿರುಗಿಯೂ ನೋಡುವುದಿಲ್ಲ, ಕಂಪ್ಯೂಟರಿಗೆ ಭಾರ ಅಷ್ಟೇ. ಇನ್ನು ಮಕ್ಕಳ ದನಿಯನ್ನು ಯಾರದ್ದೋ ಗೊತ್ತಿಲ್ಲದ ಸೈಟಿಗೆ ಏರಿಸೋದು ನನಗಂತೂ ಸರಿ ಕಾಣುವುದಿಲ್ಲ. ಮನೆಯ ಕಂಪ್ಯೂಟರಿನಲ್ಲೇ ಆಗುವ ಕೆಲಸ ಅದು.

ವಾಟ್ಸಾಪಿನ ಧ್ವನಿ ಸಂದೇಶ ಓಪಸ್ ಅನ್ನುವ ಫಾರ್ಮ್ಯಾಟಿನದು. 2012ರಲ್ಲಿ ಇಂಟರ್ನೆಟ್ಟಿನ ಅಧಿಕೃತ ಮಾನದಂಡವಾಯಿತು. ಕಡಿಮೆ ಜಾಗದಲ್ಲಿ ಮಾತನ್ನು ಚೆನ್ನಾಗಿ ಹಿಡಿಯುತ್ತದೆ, ನನಗೆ ಇಷ್ಟದ್ದೇ. ಆದರೆ ವಿಡಿಯೋ ತಂತ್ರಾಂಶಗಳಲ್ಲಿ ಕೆಲವಕ್ಕೆ ಇದರ ಪರಿಚಯವೇ ಇಲ್ಲ. ಫ್ರೀ-ಎಸಿ ಅನ್ನುವ ಉಚಿತ ಕನ್ವರ್ಟರ್ ಹಾಕಿಕೊಳ್ಳಿ. 40 ಫೈಲುಗಳನ್ನೂ ಒಟ್ಟಿಗೆ ಎಳೆದು ಬಿಡಿ, ವೇವ್ ಆಗಿ ಹೊರಬರಲಿ ಅಂತ ಆರಿಸಿ, ಶುರು ಮಾಡಿ. ಚಹಾ ಕುಡಿಯುವಷ್ಟರಲ್ಲಿ ಮುಗಿದಿರುತ್ತದೆ. ಸ್ಯಾಂಪಲ್ ರೇಟ್ (ಸೆಕೆಂಡಿಗೆ ಎಷ್ಟು ಸಲ ಧ್ವನಿ ಅಳೆಯೋದು ಅನ್ನೋದು) ಕೇಳಿದರೆ 48,000 ಕೊಡಿ. ವಿಡಿಯೋಕ್ಕೆ ಹೊಂದುವುದು ಅದೇ.

ಇಲ್ಲೊಂದು ತಮಾಷೆ ಇದೆ. ಹೆಸರು ಬದಲಿಸಿದರೆ ಏನೂ ಆಗಲ್ಲ ಅಂತ ಮೇಲೆ ಇಂಡಿಯವರಿಗೆ ಹೇಳಿದೆ ಅಲ್ವಾ? ಓಪಸ್ ವಿಷಯದಲ್ಲಿ ಒಮ್ಮೊಮ್ಮೆ ಆಗುತ್ತದೆ. ಯಾಕೆಂದರೆ ವಾಟ್ಸಾಪಿನ ಓಪಸ್ ಕೂತಿರುವುದು ಓಗ್ ಅನ್ನುವ ಡಬ್ಬಿಯಲ್ಲಿ. ಕೆಲವು ತಂತ್ರಾಂಶಗಳಿಗೆ ಡಬ್ಬಿ ತೆರೆಯೋದೂ ಗೊತ್ತು, ಒಳಗಿನದನ್ನು ಓದೋದೂ ಗೊತ್ತು. ಓಪಸ್ ಅನ್ನುವ ಬಾಲ ಮಾತ್ರ ಗೊತ್ತಿಲ್ಲ, ಬಾಗಿಲಲ್ಲೇ ತಡೆಯುತ್ತವೆ. ಬಾಲವನ್ನು ಓಗ್ (.ogg) ಅಂತ ಮಾಡಿದರೆ ಒಳಗೆ ಬಿಡುತ್ತವೆ. ಅಂದರೆ ಇಲ್ಲಿ ಮೊದಲಿನ ಚೀಟಿಯೂ ಸುಳ್ಳಲ್ಲ, ಹೊಸ ಚೀಟಿಯೂ ಸುಳ್ಳಲ್ಲ. ಒಂದು ಫೈಲಿಗೆ ಮಾಡಿ ನೋಡಿ. ಆಗದಿದ್ದರೆ ಫ್ರೀ-ಎಸಿ ಇದ್ದೇ ಇದೆ.

ಮುಂದಿನ ಸಲ ಮಕ್ಕಳ ಮನೆಯವರಿಗೆ ಹೀಗೆ ಹೇಳಿ: ಫೋನಿನ ರೆಕಾರ್ಡರಿನಲ್ಲಿ ರೆಕಾರ್ಡ್ ಮಾಡಿ, ವಾಟ್ಸಾಪಿನಲ್ಲಿ 'ಡಾಕ್ಯುಮೆಂಟ್' ಅಂತ ಕಳಿಸಿ. ಆಗ ಫೈಲ್ ಇದ್ದಂಗೇ ಬರುತ್ತದೆ, ದನಿಯೂ ಸ್ಪಷ್ಟ.

ಪ್ರಶ್ನೆ: ನಮ್ಮೂರಿನ ಪ್ರವಚನವನ್ನು ಫೋನಿನಲ್ಲಿ ರೆಕಾರ್ಡ್ ಮಾಡುತ್ತಿದ್ದೆ. ಸುಮಾರು 2 ಗಂಟೆ ಆಗಿತ್ತು, ಚಾರ್ಜ್ ಮುಗಿದು ಫೋನ್ ಬಂದ್ ಆಯಿತು. ಫೈಲ್ ಎಂ4ಎ, 115 ಎಂಬಿ ಇದೆ. ಕಂಪ್ಯೂಟರಿನಲ್ಲಿ ಎಲ್ಲಾ ತಂತ್ರಾಂಶವೂ ಸಪೋರ್ಟ್ ಇಲ್ಲ ಅನ್ನುತ್ತದೆ. ಇದೇ ಫೋನಿನ ಬೇರೆ ಫೈಲುಗಳು ತೆರೆಯುತ್ತವೆ.
— ಓದುಗರು, ಬಸವನ ಬಾಗೇವಾಡಿ

ಈ ತಿಂಗಳ ಒಳ್ಳೇ ಪ್ರಶ್ನೆ ಇದು. ನೀವು ಎರಡು ಮುಖ್ಯ ವಿಷಯ ಬರೆದಿದ್ದೀರಿ, ಗಾತ್ರ ಮತ್ತು ಬೇರೆ ಫೈಲುಗಳ ಸಂಗತಿ. ಹೀಗೆ ಬರೆದರೆ ಉತ್ತರ ಕೊಡುವವರಿಗೆ ಅರ್ಧ ಕೆಲಸ ಕಡಿಮೆ.

ಮೊದಲು ಗಾತ್ರದ ಲೆಕ್ಕ ನೋಡೋಣ. ಎಂ4ಎ ರೆಕಾರ್ಡಿಂಗ್ ಸೆಕೆಂಡಿಗೆ 128 ಕಿಲೋಬಿಟ್ ಇದ್ದರೆ 2 ಗಂಟೆಗೆ ಸುಮಾರು 115 ಎಂಬಿ ಆಗುತ್ತದೆ. ನಿಮ್ಮದು ಸರಿಯಾಗಿ ಅಷ್ಟೇ ಇದೆ. ಅಂದರೆ ಪ್ರವಚನ ಪೂರ್ತಿ ಒಳಗಿದೆ! ಫೈಲ್ 0 ಕೆಬಿ ಇದ್ದಿದ್ದರೆ ನಾನು ಬೇರೆ ಮಾತೇ ಆಡುತ್ತಿರಲಿಲ್ಲ.

ಹಾಗಾದರೆ ತೆರೆಯಲ್ಲ ಯಾಕೆ? ಅಂಗಡಿಯ ಖಾತೆ ಪುಸ್ತಕ ನೆನಪಿಸಿಕೊಳ್ಳಿ. ಇಡೀ ದಿನ ವ್ಯಾಪಾರ ಆಗುತ್ತದೆ, ಲೆಕ್ಕ ಬರೆಯೋದು ರಾತ್ರಿ ಬಾಗಿಲು ಹಾಕುವಾಗ. ಎಂ4ಎ ರೆಕಾರ್ಡರುಗಳೂ ಸಾಮಾನ್ಯವಾಗಿ ಹಾಗೆಯೇ. ಧ್ವನಿಯ ತುಣುಕುಗಳನ್ನು ಒಂದರ ಹಿಂದೆ ಒಂದು ಬರೆಯುತ್ತಾ ಹೋಗುತ್ತವೆ. ಯಾವ ತುಣುಕು ಎಲ್ಲಿದೆ, ಎಷ್ಟು ಉದ್ದ, ಯಾವ ವೇಗ ಅನ್ನುವ ಪಟ್ಟಿ ಬರೆಯುವುದು ನೀವು ಸ್ಟಾಪ್ ಒತ್ತಿದಾಗ. ಆ ಪಟ್ಟಿಗೆ 'ಮೂವ್' ಅಂತ ಹೆಸರು. ನಿಮ್ಮ ಫೋನ್ ಸ್ಟಾಪ್ ಒತ್ತೋಕೆ ಮೊದಲೇ ಕಣ್ಣು ಮುಚ್ಚಿತು. ಸರಕು ಇದೆ, ಖಾತೆ ಇಲ್ಲ. ಪಟ್ಟಿ ಸಿಗದ ತಂತ್ರಾಂಶ 'ಸಪೋರ್ಟ್ ಇಲ್ಲ' ಅಂತ ಕೈ ತೊಳೆದುಕೊಳ್ಳುತ್ತದೆ. ಎಫ್‌ಎಫ್‌ಎಂಪೆಗ್ ಮಾತ್ರ 'ಮೂವ್ ಸಿಗಲಿಲ್ಲ' ಅಂತ ಇದ್ದದ್ದು ಇದ್ದಂಗೆ ಹೇಳುತ್ತದೆ. ಇದಕ್ಕೆ ಫಾರ್ಮ್ಯಾಟ್ ಬದಲಿಸುವ ಯಾವ ತಂತ್ರಾಂಶವೂ ಕೆಲಸಕ್ಕೆ ಬರುವುದಿಲ್ಲ. ಬದಲಿಸಬೇಕಾದರೆ ಮೊದಲು ಓದಬೇಕಲ್ಲ.

ದಾರಿ ಇದೆ. ಅನ್‌ಟ್ರಂಕ್ ಅಂತ ಒಂದು ಉಚಿತ ತಂತ್ರಾಂಶ. ಅದಕ್ಕೆ ಎರಡು ಫೈಲ್ ಕೊಡಬೇಕು. ಒಂದು ಕೆಟ್ಟದ್ದು, ಇನ್ನೊಂದು ಅದೇ ಫೋನಿನಲ್ಲಿ, ಅದೇ ಆ್ಯಪಿನಲ್ಲಿ, ಅದೇ ಸೆಟ್ಟಿಂಗಿನಲ್ಲಿ ಮಾಡಿದ ಚೆನ್ನಾಗಿರುವ ಫೈಲ್. ಚೆನ್ನಾಗಿರುವುದರ ಪಟ್ಟಿ ನೋಡಿಕೊಂಡು ಕೆಟ್ಟದ್ದಕ್ಕೆ ಹೊಸ ಪಟ್ಟಿ ಕಟ್ಟುತ್ತದೆ. ಅದಕ್ಕೇ ಆ್ಯಪ್ ಅಪ್‌ಡೇಟ್ ಮಾಡುವ ಮೊದಲು, ಸೆಟ್ಟಿಂಗ್ ಮುಟ್ಟುವ ಮೊದಲು, ಎರಡು ನಿಮಿಷ ಏನಾದರೂ ಮಾತಾಡಿ ರೆಕಾರ್ಡ್ ಮಾಡಿಕೊಳ್ಳಿ. ಕೆಟ್ಟ ಫೈಲಿನ ಕಾಪಿ ತೆಗೆದು ಕಾಪಿಯ ಮೇಲೆ ಕೆಲಸ ಮಾಡಿ. ನನ್ನ ಅಂಗಡಿಯಲ್ಲಿ ಹೀಗೆ ಎದ್ದು ಬಂದ ಫೈಲುಗಳೂ ಇವೆ, ಕೊನೆಗೆ ಅಲ್ಲಲ್ಲಿ ಚಟಚಟ ಅನ್ನುವವೂ ಇವೆ. ಗ್ಯಾರಂಟಿ ಕೊಡಲ್ಲ. ಆದರೆ ನಿಮ್ಮ ಫೈಲಿನ ಗಾತ್ರ ನೋಡಿದರೆ ನಾನಂತೂ ಪ್ರಯತ್ನ ಬಿಡುತ್ತಿರಲಿಲ್ಲ.

ಉದ್ದದ ಪ್ರವಚನಕ್ಕೆ ಇನ್ನು ಮೇಲೆ ಅರ್ಧ ಗಂಟೆಗೊಮ್ಮೆ ನಿಲ್ಲಿಸಿ ಹೊಸದಾಗಿ ಶುರು ಮಾಡಿ. ಹೋದರೆ ಅರ್ಧ ಗಂಟೆಯದು ಹೋಗುತ್ತದೆ.

ಪ್ರಶ್ನೆ: ಅಜ್ಜಿಯ ಬೀಸುಕಲ್ಲಿನ ಪದದ ಫೈಲ್ ತೆರೆಯಿತು, ಆದರೆ ಅಜ್ಜಿ ಗುಬ್ಬಿಯಂತೆ ಕೀಚು ದನಿಯಲ್ಲಿ, ಎರಡರಷ್ಟು ಜೋರಾಗಿ ಓಡುತ್ತಾಳೆ.
— ಓದುಗರು, ಗುಳೇದಗುಡ್ಡ

ಫೈಲು ಸೆಕೆಂಡಿಗೆ 22,050 ಸಲ ಅಳೆದದ್ದು ಇರಬೇಕು, ತಂತ್ರಾಂಶ 44,100 ಅಂದುಕೊಂಡಿದೆ. ಸರಿಯಾಗಿ ಎರಡರಷ್ಟು. ಆಡಾಸಿಟಿಯಲ್ಲಿ ಟ್ರ್ಯಾಕಿನ ಹೆಸರಿನ ಪಕ್ಕದ ಮೆನುವಿನಲ್ಲಿ ರೇಟ್ ಅಂತ ಇದೆ, ಅಲ್ಲಿ 22,050 ಮಾಡಿ. ಅಜ್ಜಿ ಅಜ್ಜಿಯಾಗುತ್ತಾಳೆ.

ಪ್ರಶ್ನೆ: ಇಷ್ಟೊಂದು ಫಾರ್ಮ್ಯಾಟಿನ ರಗಳೆಯೇ ಬೇಡ. ನಮ್ಮ ಭಜನಾ ಸಂಘದ ಎಲ್ಲಾ ಫೈಲುಗಳನ್ನೂ ಎಂಪಿ3 ಮಾಡಿ, ಮೂಲದವನ್ನು ಅಳಿಸಿಬಿಡಬಹುದಾ? ಜಾಗವೂ ಉಳಿಯುತ್ತೆ.
— ಓದುಗರು, ರಬಕವಿ

ಎಂಪಿ3 ಮಾಡಿ, ಹಂಚಿ. ಅದು ಎಲ್ಲಾ ಕಡೆ ಹಾಡುತ್ತದೆ, ಪೇಟೆಂಟಿನ ಕಾಟವೂ 2017ಕ್ಕೆ ಮುಗಿದಿದೆ. ಅಳಿಸೋದು ಮಾತ್ರ ಬೇಡ. ಯಾಕೆ ಅಂತ ನನ್ನದೇ ಕಥೆ ಹೇಳುತ್ತೇನೆ.

2005ರಲ್ಲಿ ನನ್ನ ಕಂಪ್ಯೂಟರಿನ ಹಾರ್ಡ್ ಡಿಸ್ಕ್ 40 ಜಿಬಿ. 60 ನಿಮಿಷದ ಒಂದು ಕ್ಯಾಸೆಟ್ ವೇವ್ ಆದರೆ ಸುಮಾರು 635 ಎಂಬಿ. ಅರವತ್ತು ಕ್ಯಾಸೆಟ್ಟಿಗೆ ಡಿಸ್ಕ್ ಭರ್ತಿ. ಒಂದು ಹಳ್ಳಿಯ ಭಜನಾ ಮೇಳದವರು ಚೀಲದ ತುಂಬ ಕ್ಯಾಸೆಟ್ ತಂದುಕೊಟ್ಟಿದ್ದರು. ನಾನು ಬುದ್ಧಿವಂತ! ಎಲ್ಲವನ್ನೂ 64 ಕಿಲೋಬಿಟ್‌ನ ಎಂಪಿ3 ಮಾಡಿದೆ. ಒಂದು ಕ್ಯಾಸೆಟ್ 29 ಎಂಬಿಗೆ ಇಳಿಯಿತು. ವೇವ್ ಎಲ್ಲಾ ಅಳಿಸಿದೆ. ಅಂಗಡಿಯ ಸಣ್ಣ ಸ್ಪೀಕರಿನಲ್ಲಿ ಏನೂ ವ್ಯತ್ಯಾಸ ಗೊತ್ತಾಗಲಿಲ್ಲ. ಮೂರು ವರ್ಷದ ಮೇಲೆ ಅವರು ಸಿಡಿ ಮಾಡಿಸೋಣ ಅಂತ ಬಂದರು. ದೊಡ್ಡ ಸ್ಪೀಕರಿಗೆ ಹಾಕಿದೆ. ಹಾಡುವವರ ದನಿ ಪರವಾಗಿಲ್ಲ. ತಾಳ ಮಾತ್ರ ಕೆರೆ ನೀರಿನೊಳಗೆ ಬಾರಿಸಿದಂಗೆ ಗುಳುಗುಳು ಅನ್ನುತ್ತಿತ್ತು. ಎಂಪಿ3 ಜಾಗ ಉಳಿಸೋದು ಹೀಗೆಯೇ. ಕಿವಿಗೆ ಗೊತ್ತಾಗಲಿಕ್ಕಿಲ್ಲ ಅಂತ ಅದಕ್ಕೆ ಅನ್ನಿಸಿದ್ದನ್ನು ಎಸೆಯುತ್ತದೆ. ಬಿಟ್ ಕಡಿಮೆ ಕೊಟ್ಟಷ್ಟೂ ಜಾಸ್ತಿ ಎಸೆಯುತ್ತದೆ. ತಾಳ, ಗೆಜ್ಜೆಯಂಥ ಚೂಪು ನಾದಕ್ಕೆ ಮೊದಲು ಪೆಟ್ಟು. ಎಸೆದದ್ದು ತಿರುಗಿ ವೇವ್ ಮಾಡಿದರೂ ಬರುವುದಿಲ್ಲ. ಎಂಪಿ3ಯನ್ನು ಮತ್ತೆ ಎಂ4ಎ, ಅದನ್ನು ಮತ್ತೊಂದು ಅಂತ ಬದಲಿಸುತ್ತಾ ಹೋದರೆ ಪ್ರತಿ ಸಲವೂ ಇನ್ನಷ್ಟು ಹೋಗುತ್ತದೆ.

ಜಾಗ ಉಳಿಯಬೇಕು ಅಂದರೆ ವೇವ್‌ನಲ್ಲಿ ಇರುವವನ್ನು ಫ್ಲ್ಯಾಕ್ ಮಾಡಿಡಿ. 2001ರಿಂದ ಇದೆ, ಉಚಿತ. ಗಾತ್ರ ಅರ್ಧದ ಆಸುಪಾಸಿಗೆ ಇಳಿಯುತ್ತದೆ, ಒಂದು ಬಿಟ್ ಕೂಡ ಕಳೆಯುವುದಿಲ್ಲ. ಮೂಲವೇ ಎಎಂಆರ್, ಎಂ4ಎ, ಓಪಸ್ ಆಗಿದ್ದರೆ ಅವನ್ನು ಹಾಗೇ ಇಡಿ, ಫ್ಲ್ಯಾಕ್ ಮಾಡಿದರೆ ಗಾತ್ರ ಹೆಚ್ಚುತ್ತದೆ ಹೊರತು ಲಾಭ ಇಲ್ಲ.

ಆ ಮೇಳದವರಿಗೆ ಕ್ಯಾಸೆಟ್‌ಗಳನ್ನು ಮತ್ತೆ ತನ್ನಿ, ದುಡ್ಡು ಬೇಡ, ಹೊಸದಾಗಿ ಇಳಿಸಿಕೊಡ್ತೀನಿ ಅಂದೆ. ಅವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಹೇಗೂ ಕಂಪ್ಯೂಟರಿನಲ್ಲಿ ಇದೆಯಲ್ಲ ಅಂತ ಆ ಕ್ಯಾಸೆಟ್‌ಗಳ ಮೇಲೆ ಜಾತ್ರೆಯ ಹರಾಜು ರೆಕಾರ್ಡ್ ಮಾಡಿದ್ದರಂತೆ.